ಅಟ್ಟದ ಟ್ರಂಕಿನಿಂದ ಹಾರ್ಡ್ ಡಿಸ್ಕಿಗೆ: ಹಳೆಯ ವಿಡಿಯೋ ಗೇಮ್‌ಗಳನ್ನು ಓದಿಸಿ, ತಾಳೆ ನೋಡಿ, ಉಳಿಸಿಕೊಳ್ಳುವ ಬಗೆ

ಸಕಲೇಶಪುರದ ಹತ್ತಿರ ನಮ್ಮ ಅಜ್ಜಿಮನೆಯ ಅಟ್ಟದಲ್ಲಿ ಒಂದು ತಗಡಿನ ಟ್ರಂಕು ಇತ್ತು. ಮನೆಯ ಹೆಂಚು ಬದಲಿಸುವಾಗ ಅದನ್ನು ಕೆಳಗಿಳಿಸಿ ಹಾಸನಕ್ಕೆ ತಂದೆ. ಒಳಗೆ ಹಳದಿ ಬಣ್ಣದ ಹನ್ನೊಂದು ಗೇಮ್ ಕ್ಯಾಸೆಟ್, ಮಸ್ಕತ್‌ನಲ್ಲಿದ್ದ ಸೋದರಮಾವ ತಂದುಕೊಟ್ಟ ಗೇಮ್ ಬಾಯ್ ಎಂಬ ಕೈಯಲ್ಲಿ ಹಿಡಿದು ಆಡುವ ಯಂತ್ರ, ಅದರ ಮೂರು ಕ್ಯಾಸೆಟ್, ಬೂಷ್ಟು ಹಿಡಿದ ಚೀಲದಲ್ಲಿ ಮೂವತ್ತಕ್ಕೂ ಹೆಚ್ಚು ಪ್ಲೇಸ್ಟೇಷನ್ ಸಿಡಿಗಳು ಇದ್ದವು. ಅವನ್ನೆಲ್ಲ ಕಂಪ್ಯೂಟರಿಗೆ ಇಳಿಸಿ ಉಳಿಸಿಕೊಳ್ಳಲು ಹೋಗಿ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಕ್ಯಾಸೆಟ್ ಎಂದೇ ಬರೆಯುತ್ತೇನೆ. ಅದರ ಸರಿಯಾದ ಹೆಸರು ಕಾರ್ಟ್ರಿಡ್ಜ್. ಆದರೆ ನಮ್ಮ ಕಡೆ ಅಂಗಡಿಗೆ ಹೋಗಿ ಆ ಹೆಸರು ಹೇಳಿದವರನ್ನು ನಾನು ನೋಡಿಲ್ಲ.

ಓದಿಸುವುದು ಕಷ್ಟವಲ್ಲ. ಓದಿಸಿದ್ದು ಸರಿಯೇ ಎಂದು ತಿಳಿಯುವುದು ಕಷ್ಟ. ಆಟ ಶುರುವಾಯಿತು, ಮೊದಲ ಹಂತ ಆಡಿ ಮುಗಿಸಿದೆ ಎಂದ ಮಾತ್ರಕ್ಕೆ ಪ್ರತಿ ಸರಿಯಿದೆ ಎಂದಲ್ಲ. ಏಳನೆಯ ಹಂತದ ಚಿತ್ರವಿರುವ ಜಾಗದಲ್ಲಿ ಒಂದು ಬೈಟ್ ಕೆಟ್ಟಿದ್ದರೆ ಅದು ಗೊತ್ತಾಗುವುದು ಏಳನೆಯ ಹಂತ ತಲುಪಿದ ಮೇಲೆ. ಅಷ್ಟು ಹೊತ್ತಿಗೆ ಮೂಲ ಕ್ಯಾಸೆಟ್ ಗುಜರಿಗೆ ಹೋಗಿರಬಹುದು. ಓಲೆಗರಿಯ ಕಾವ್ಯಗಳನ್ನು ಸಂಪಾದಿಸುವವರು ಒಂದೇ ಪ್ರತಿಯನ್ನು ನಂಬುವುದಿಲ್ಲ. ಸಿಕ್ಕಷ್ಟು ಪ್ರತಿಗಳನ್ನು ಮುಂದಿಟ್ಟುಕೊಂಡು ಸಾಲುಸಾಲಾಗಿ ತಾಳೆ ನೋಡುತ್ತಾರೆ. ಎಲ್ಲಿ ವ್ಯತ್ಯಾಸ ಕಂಡಿತೋ ಅಲ್ಲಿ ಅದು ಪಾಠಾಂತರವೋ, ಲಿಪಿಕಾರನ ಕೈತಪ್ಪೋ ಎಂದು ಕೇಳುತ್ತಾರೆ. ನಮ್ಮ ಕೆಲಸವೂ ಅದೇ.

ಬಿಚ್ಚುವ ಮೊದಲು

ಪ್ರತಿಯೊಂದು ಕ್ಯಾಸೆಟ್ಟಿನ ಎರಡೂ ಬದಿ, ಪ್ರತಿಯೊಂದು ಸಿಡಿಯ ಎರಡೂ ಮುಖದ ಫೋಟೊ ತೆಗೆಯಿರಿ. ಸಿಡಿಯ ಒಳ ಉಂಗುರದಲ್ಲಿ ಕೆತ್ತಿರುವ ಸಣ್ಣ ಅಕ್ಷರಗಳು ಕಾಣುವಂತೆ ಓರೆಬೆಳಕಿನಲ್ಲಿ ಇನ್ನೊಂದು ಫೋಟೊ ಇರಲಿ. ಒಂದೇ ಆಟದ ಬೇರೆ ಮುದ್ರಣಗಳನ್ನು ಬೇರೆ ಮಾಡುವುದು ಎಷ್ಟೋ ಸಲ ಆ ಅಕ್ಷರಗಳೇ. ಒಂದು ನೋಟ್‌ಬುಕ್ಕಿನಲ್ಲಿ ಕ್ರಮಸಂಖ್ಯೆ ಹಾಕಿ, ಅದೇ ಸಂಖ್ಯೆಯನ್ನು ಕ್ಯಾಸೆಟ್ ಇಡುವ ಕವರಿನ ಮೇಲೂ ಬರೆಯಿರಿ. ಕ್ಯಾಸೆಟ್ಟಿನ ಮೈಗೆ ಚೀಟಿ ಅಂಟಿಸಬೇಡಿ.

ಕಾನೂನಿನ ಮಾತು ಒಂದಿಷ್ಟು. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52(1)(ಎಎ) ಕಲಂ ಪ್ರಕಾರ, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯಬದ್ಧವಾಗಿ ಹೊಂದಿರುವವರು ಅದು ಕಳೆದುಹೋಗದಂತೆ, ಹಾಳಾಗದಂತೆ ತಾತ್ಕಾಲಿಕ ರಕ್ಷಣೆಗಾಗಿ ಬ್ಯಾಕಪ್ ಮಾಡಿಕೊಳ್ಳಬಹುದು. ಅದನ್ನು ಹಂಚುವುದಕ್ಕೆ ಅಲ್ಲಿ ಅವಕಾಶವಿಲ್ಲ. 2012ರ ತಿದ್ದುಪಡಿಯಲ್ಲಿ ಬಂದ 65ಎ ಕಲಂ ತಾಂತ್ರಿಕ ಬೀಗ ಮುರಿಯುವುದರ ಬಗ್ಗೆ ಹೇಳುತ್ತದೆ. ಹಾಗಾಗಿ ಕನ್ಸೋಲನ್ನೇ, ಅಂದರೆ ಆಟದ ಯಂತ್ರವನ್ನೇ, ತಿದ್ದಿ ಓದಿಸಬೇಕಾದ ಡಿಸ್ಕ್‌ಗಳ ಸಹವಾಸಕ್ಕೆ ನಾನು ಹೋಗಿಲ್ಲ. ಈ ಬರಹದಲ್ಲೂ ಹೋಗುವುದಿಲ್ಲ.

ಬ್ಯಾಟರಿ ಇರುವ ಕ್ಯಾಸೆಟ್‌ಗೆ ಮೊದಲ ಸರದಿ

ಗೇಮ್ ಬಾಯ್, ಸೂಪರ್ ನಿಂಟೆಂಡೊ ಮೊದಲಾದವುಗಳ ಹಲವು ಕ್ಯಾಸೆಟ್‌ಗಳ ಒಳಗೆ ಒಂದು ಗುಂಡಿ ಬ್ಯಾಟರಿ ಇರುತ್ತದೆ. ಆಟಗಾರ ಉಳಿಸಿಟ್ಟ ಆಟ, ಅಂದರೆ ಸೇವ್, ಬದುಕಿರುವುದು ಆ ಬ್ಯಾಟರಿಯ ಬಲದಿಂದ. ಪೋಕೆಮಾನ್ ಗೋಲ್ಡ್ ಮತ್ತು ಸಿಲ್ವರ್‌ನಲ್ಲಿ ಅದೇ ಬ್ಯಾಟರಿ ಗಡಿಯಾರವನ್ನೂ ನಡೆಸುವುದರಿಂದ ಇನ್ನೂ ಬೇಗ ಸಾಯುತ್ತದೆ.

ಆಟದ ಪ್ರೋಗ್ರಾಂ ಲಕ್ಷಾಂತರ ಕ್ಯಾಸೆಟ್‌ಗಳಲ್ಲಿ ಒಂದೇ. ಸೇವ್ ಮಾತ್ರ ನಿಮ್ಮದು. ಪ್ರಪಂಚದ ಯಾವ ಪಟ್ಟಿಯಲ್ಲೂ ಅದು ಸಿಗುವುದಿಲ್ಲ. ಇದು ಗೊತ್ತಿದ್ದೂ ನಾನು ಮೊದಲ ಕ್ಯಾಸೆಟ್ಟನ್ನು ಮೊಬೈಲ್ ರಿಪೇರಿ ಅಂಗಡಿಗೆ ಒಯ್ದು, “ಬ್ಯಾಟರಿ ಬದಲಿಸಿಕೊಡಿ” ಎಂದೆ. ಹುಡುಗ ಅಚ್ಚುಕಟ್ಟಾಗಿ ಬೆಸುಗೆ ಬಿಡಿಸಿ ಹೊಸದನ್ನು ಕೂರಿಸಿದ. ಬೆಸುಗೆ ಬಿಟ್ಟ ಆ ಕ್ಷಣಕ್ಕೆ, ನನ್ನ ತಂಗಿ ಎರಡು ಬೇಸಿಗೆ ರಜೆ ಕೂತು ಆಡಿದ್ದು ಅಳಿಸಿಹೋಯಿತು. ಅವನದೇನೂ ತಪ್ಪಿಲ್ಲ, ಮೊದಲು ಓದಿಸಬೇಕಾದವನು ನಾನು. ಬ್ಯಾಟರಿ ಇರುವ ಕ್ಯಾಸೆಟ್ ಕೈಗೆ ಬಂದರೆ ಬೇರೆಲ್ಲ ಬದಿಗಿಟ್ಟು ಮೊದಲು ಸೇವ್ ಇಳಿಸಿಕೊಳ್ಳಿ, ಆಮೇಲೆ ಆಟ, ಕೊನೆಗೆ ಬ್ಯಾಟರಿ.

ಶುಚಿ ಮಾಡುವುದು

ಕ್ಯಾಸೆಟ್ ಬಾಯಿಗೆ ಉಫ್ ಎಂದು ಊದುವುದು ನಮ್ಮ ಕಾಲದ ಮಂತ್ರ. ಅದರಿಂದ ಆಗುತ್ತಿದ್ದದ್ದು ಇಷ್ಟೇ: ಬಾಯಿಯ ತೇವ ತಾಮ್ರದ ಪಟ್ಟಿಯ ಮೇಲೆ ಕೂತು ನಿಧಾನವಾಗಿ ಕಿಲುಬು ಹಿಡಿಸುತ್ತಿತ್ತು. ಮತ್ತೆ ಆಟ ಬಂದದ್ದು ಹೊರತೆಗೆದು ಹಾಕಿದ್ದರಿಂದ, ಊದಿದ್ದರಿಂದ ಅಲ್ಲ.

ಮೊಬೈಲ್ ರಿಪೇರಿಯವರು ಬಳಸುವ ಐಸೊಪ್ರೊಪೈಲ್ ಆಲ್ಕೊಹಾಲ್ ಸಾಕು, ನೀರಿನ ಅಂಶ ಕಡಿಮೆ ಇರುವುದನ್ನೇ ಕೇಳಿ. ಕಿವಿಗೆ ಹಾಕುವ ಹತ್ತಿಕಡ್ಡಿಯನ್ನು ಅದರಲ್ಲಿ ಅದ್ದಿ ಪಟ್ಟಿಗಳ ಉದ್ದಕ್ಕೆ ಒರೆಸಿ. ಕಡ್ಡಿ ಕಪ್ಪಾಗುವುದು ನಿಲ್ಲುವವರೆಗೂ ಕಡ್ಡಿ ಬದಲಿಸುತ್ತ ಹೋಗಿ. ಪೆನ್ಸಿಲ್ ರಬ್ಬರಿನಿಂದ ಉಜ್ಜುವವರಿದ್ದಾರೆ. ಪಟ್ಟಿಯ ಮೇಲಿನ ಚಿನ್ನದ ಲೇಪ ಬಹಳ ತೆಳು, ಆದ್ದರಿಂದ ನಾನು ಅದನ್ನು ಕೊನೆಯ ಉಪಾಯವಾಗಿ ಮಾತ್ರ ಇಟ್ಟುಕೊಂಡಿದ್ದೇನೆ. ನಿಂಟೆಂಡೊ ಕ್ಯಾಸೆಟ್ ಬಿಚ್ಚಬೇಕಾದರೆ 3.8 ಮಿಲಿಮೀಟರಿನ ವಿಶೇಷ ಬಿಟ್ ಬೇಕು. ಚಾಕು ತುರುಕಿ ತೆರೆಯಲು ಹೋಗಬೇಡಿ.

ಕ್ಯಾಸೆಟ್ ಓದಿಸುವುದು

ಇದಕ್ಕೆ ರೀಡರ್ ಎಂಬ ಸಣ್ಣ ಸಾಧನ ಬೇಕು. ಗೇಮ್ ಬಾಯ್‌ಗೆ ಜಿಬಿಎಕ್ಸ್‌ಕಾರ್ಟ್ ಮತ್ತು ಅದರ ಜೊತೆ ನಡೆಯುವ ಫ್ಲ್ಯಾಶ್‌ಜಿಬಿಎಕ್ಸ್ ತಂತ್ರಾಂಶ ಸಾಕು. ಹಲವು ಬಗೆಯ ಕನ್ಸೋಲ್ ಕ್ಯಾಸೆಟ್ ಇದ್ದರೆ ಆರ್ಡುಯಿನೊ ಮೆಗಾ 2560 ಎಂಬ ಸರ್ಕ್ಯೂಟ್ ಬೋರ್ಡಿನ ಮೇಲೆ ಕಟ್ಟಿದ ಓಪನ್ ಸೋರ್ಸ್ ಕಾರ್ಟ್ರಿಡ್ಜ್ ರೀಡರ್ ಒಳ್ಳೆಯದು. ಬೆಸುಗೆ ಬರುವ ಎಲೆಕ್ಟ್ರಾನಿಕ್ಸ್ ವಿದ್ಯಾರ್ಥಿಗಳು ತಾವೇ ಕಟ್ಟಿಕೊಳ್ಳಬಹುದು. ನಮ್ಮ ಹಳದಿ ಕ್ಯಾಸೆಟ್‌ಗಳು ಜಪಾನಿನಲ್ಲಿ 1983ರಲ್ಲಿ ಬಂದ ಫ್ಯಾಮಿಕಾಮ್ ಎಂಬ ನಿಂಟೆಂಡೊ ಕನ್ಸೋಲಿನ ಅಳತೆಯವು, 60 ಪಿನ್. ಅದರ ಅಮೆರಿಕದ ರೂಪವಾದ ಎನ್‌ಇಎಸ್ ಕ್ಯಾಸೆಟ್‌ಗೆ 72 ಪಿನ್. ರೀಡರ್ ಕೊಳ್ಳುವ ಮೊದಲು ಅದರಲ್ಲಿ ಯಾವುದಕ್ಕೆ ಜಾಗವಿದೆ ಎಂದು ನೋಡಿ.

ಒಂದು ಎಚ್ಚರಿಕೆ. ಹಳೆಯ ಗೇಮ್ ಬಾಯ್ ಕ್ಯಾಸೆಟ್ 5 ವೋಲ್ಟಿನದು, ಗೇಮ್ ಬಾಯ್ ಅಡ್ವಾನ್ಸ್ 3.3 ವೋಲ್ಟಿನದು. ಎರಡನ್ನೂ ಓದುವ ಸಾಧನದಲ್ಲಿ ವೋಲ್ಟೇಜ್ ಸ್ವಿಚ್ ಇದ್ದರೆ ಕ್ಯಾಸೆಟ್ ಹಾಕುವ ಮೊದಲೇ ಸರಿಯಾದ ಕಡೆ ತಿರುಗಿಸಿ, ಹಾಕಿದ ಮೇಲಲ್ಲ. ಕರೆಂಟಿನ ಮಾತು ಬಂದದ್ದರಿಂದ ಇದೂ ಇರಲಿ: ಆರಿದ್ರಾ ಮಳೆಯಿಂದ ಮಖೆ ಮಳೆಯವರೆಗೆ ನಮ್ಮ ಕಡೆ ಕರೆಂಟು ಯಾವಾಗ ಹೋಗುತ್ತದೆ ಎಂದು ಹೇಳುವಂತಿಲ್ಲ. ಬ್ಯಾಟರಿ ಚೆನ್ನಾಗಿರುವ ಲ್ಯಾಪ್‌ಟಾಪಿನಲ್ಲೇ ಈ ಕೆಲಸ ಮಾಡಿ.

ಈಗ ಮುಖ್ಯವಾದ ಹೆಜ್ಜೆ. ಒಮ್ಮೆ ಓದಿಸಿ ಫೈಲ್ ಉಳಿಸಿ. ಕ್ಯಾಸೆಟ್ಟನ್ನು ಪೂರ್ತಿ ಹೊರತೆಗೆಯಿರಿ, ಮತ್ತೆ ಹಾಕಿ, ಎರಡನೆಯ ಸಲ ಬೇರೆ ಹೆಸರಿನಲ್ಲಿ ಓದಿಸಿ. ಹೊರತೆಗೆಯದೆ ಎರಡು ಸಲ ಓದಿಸಿದರೆ ಪ್ರಯೋಜನವಿಲ್ಲ. ಒಂದು ಪಿನ್ ತಾಗದೇ ಇದ್ದರೆ ಎರಡು ಸಲವೂ ಅದೇ ತಪ್ಪು ಬರುತ್ತದೆ, ಎರಡೂ ಒಂದೇ ಎಂದು ನೀವು ಸಮಾಧಾನಪಡುತ್ತೀರಿ. ನಾನು ಮೂರು ಸಲ ಓದಿಸುತ್ತೇನೆ. ಅದು ನನ್ನ ಅನುಮಾನದ ಸ್ವಭಾವ, ನಿಯಮವಲ್ಲ.

ಫ್ಯಾಮಿಕಾಮ್ ಬಗೆಯಲ್ಲಿ ಇನ್ನೊಂದು ತೊಡಕಿದೆ. ಅದರ ಪ್ರೊಸೆಸರಿಗೆ ಕ್ಯಾಸೆಟ್ಟಿನ ಪ್ರೋಗ್ರಾಂ ಸಾಮಾನ್ಯವಾಗಿ ಒಮ್ಮೆಗೆ 32 ಕಿಲೋಬೈಟ್ ಮಾತ್ರ ಕಾಣಿಸುತ್ತದೆ. ದೊಡ್ಡ ಆಟಗಳಲ್ಲಿ ಆ ಕಿಟಕಿಯ ಹಿಂದೆ ತುಣುಕುಗಳನ್ನು ಸರಿಸುತ್ತ ಹೋಗುವ ಏರ್ಪಾಡು ಇರುತ್ತದೆ. ಅದಕ್ಕೆ ಮ್ಯಾಪರ್ ಎನ್ನುತ್ತಾರೆ. ಮ್ಯಾಪರ್ ಯಾವುದೆಂದು ರೀಡರಿಗೆ ತಪ್ಪಾಗಿ ಹೇಳಿದರೆ ಅದು ಒಂದೇ ತುಣುಕನ್ನು ಮತ್ತೆಮತ್ತೆ ಓದಿ, ದೊಡ್ಡದೊಂದು ಫೈಲ್ ಕೊಟ್ಟು, ಕೆಲಸ ಮುಗಿಯಿತು ಎನ್ನುತ್ತದೆ.

ತಾಳೆ ನೋಡುವುದು

ಎರಡು ಫೈಲ್ ಒಂದೇ ಎಂದು ತಿಳಿಯಲು ಹ್ಯಾಶ್ ನೋಡಬೇಕು. ಫೈಲಿನ ಎಲ್ಲ ಬೈಟ್‌ಗಳನ್ನೂ ಲೆಕ್ಕಕ್ಕೆ ಹಾಕಿ ತೆಗೆದ ಚಿಕ್ಕ ಗುರುತು ಅದು. ಒಂದು ಬೈಟ್ ಬದಲಾದರೂ ಗುರುತು ಪೂರ್ತಿ ಬೇರೆ. ಸಿಆರ್‌ಸಿ-32ಕ್ಕೆ 8 ಅಕ್ಷರ, ಎಂಡಿ-5ಕ್ಕೆ 32, ಎಸ್‌ಎಚ್‌ಎ-1ಕ್ಕೆ 40, ಎಸ್‌ಎಚ್‌ಎ-256ಕ್ಕೆ 64. ಬೇಕೆಂದೇ ಒಂದೇ ಎಸ್‌ಎಚ್‌ಎ-1 ಬರುವ ಎರಡು ಬೇರೆ ಫೈಲ್‌ಗಳನ್ನು 2017ರಲ್ಲಿ ತಯಾರಿಸಿ ತೋರಿಸಿದ್ದಾರೆ. ಆದರೆ ನಮ್ಮ ಶತ್ರು ಮೋಸಗಾರನಲ್ಲ, ಕಿಲುಬು. ಅದಕ್ಕೆ ಎಸ್‌ಎಚ್‌ಎ-1 ಧಾರಾಳವಾಗಿ ಸಾಕು.

ವಿಂಡೋಸ್‌ನಲ್ಲಿ ಸೆವೆನ್-ಜಿಪ್ ಹಾಕಿಕೊಂಡರೆ ಫೈಲಿನ ಮೇಲೆ ಬಲ ಕ್ಲಿಕ್ ಮಾಡಿದಾಗ ಸಿಆರ್‌ಸಿ, ಎಸ್‌ಎಚ್‌ಎ ಎಂಬ ಆಯ್ಕೆ ಸಿಗುತ್ತದೆ. ಲಿನಕ್ಸ್‌ನಲ್ಲಿ ಎಸ್‌ಎಚ್‌ಎ-1-ಸಮ್ ಎಂಬ ಆಜ್ಞೆ ಮೊದಲೇ ಇರುತ್ತದೆ. ಎರಡು ಓದಿನ ಗುರುತು ಒಂದೇ ಬಂದರೆ ಮನೆಯೊಳಗಿನ ತಾಳೆ ಮುಗಿಯಿತು.

ಹೊರಗಿನ ತಾಳೆ ಇದಕ್ಕಿಂತ ದೊಡ್ಡದು. ನಿಮ್ಮ ಹಾಗೆಯೇ ಬೇರೆ ಊರಿನವರು ಬೇರೆ ಕ್ಯಾಸೆಟ್‌ನಿಂದ ಓದಿಸಿ ಬಂದ ಗುರುತುಗಳನ್ನು ಸೇರಿಸಿಟ್ಟ ಪಟ್ಟಿಗಳಿವೆ. ಕ್ಯಾಸೆಟ್ ಆಟಗಳಿಗೆ ನೋ-ಇಂಟ್ರೊ, ಡಿಸ್ಕ್‌ಗಳಿಗೆ ರೀಡಂಪ್. ಇವು ಆಟ ಹಂಚುವ ಜಾಗಗಳಲ್ಲ. ಹೆಸರು, ಅಳತೆ, ಗುರುತು ಇರುವ ದಾಖಲೆಗಳು. ಪಟ್ಟಿಯ ಫೈಲಿಗೆ ಡ್ಯಾಟ್ ಎನ್ನುತ್ತಾರೆ. ಅದನ್ನು ಇಳಿಸಿಕೊಂಡು ರೋಮ್‌ವಾಲ್ಟ್ ಅಥವಾ ಕ್ಲಿಯರ್‌ಮೇಮ್‌ಪ್ರೊ ತಂತ್ರಾಂಶಕ್ಕೆ ಕೊಟ್ಟು ನಿಮ್ಮ ಫೋಲ್ಡರ್ ತೋರಿಸಿದರೆ ಯಾವುದು ಹೊಂದಿತು, ಯಾವುದು ಇಲ್ಲ ಎಂದು ಅದೇ ಹೇಳುತ್ತದೆ. ನಾಲ್ಕೈದೇ ಫೈಲ್ ಇದ್ದರೆ ತಂತ್ರಾಂಶವೂ ಬೇಡ. ಡ್ಯಾಟ್ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದು ನಿಮ್ಮ 40 ಅಕ್ಷರ ಹುಡುಕಿ; ಸಿಕ್ಕಿದರೆ ಆಯಿತು.

ತಾಳೆಯಾಗದಿದ್ದರೆ

ಹೆದರಿ ಅಳಿಸಬೇಡಿ. ಬಹಳ ಸಲ ಓದು ಸರಿಯೇ ಇರುತ್ತದೆ.

ಮೊದಲ ಅನುಮಾನ ತಲೆಬರಹದ ಮೇಲೆ. ಸೂಪರ್ ಮಾರಿಯೊ ಬ್ರದರ್ಸ್ ಅನ್ನೇ ತೆಗೆದುಕೊಳ್ಳಿ. ಅದರಲ್ಲಿ 32 ಕಿಲೋಬೈಟ್ ಪ್ರೋಗ್ರಾಂ, 8 ಕಿಲೋಬೈಟ್ ಚಿತ್ರ, ಒಟ್ಟು 40,960 ಬೈಟ್. ನಿಮ್ಮ ಫೈಲ್ 40,976 ಎಂದು ತೋರಿಸುತ್ತಿದ್ದರೆ ಮೇಲಿನ 16 ಬೈಟ್ ಕ್ಯಾಸೆಟ್ಟಿನದಲ್ಲ. ಅದು ಐನೆಸ್ ಎಂಬ ತಲೆಬರಹ, ಮ್ಯಾಪರ್ ಯಾವುದು ಎಂದು ಎಮ್ಯುಲೇಟರಿಗೆ (ಹಳೆಯ ಆಟಗಳನ್ನು ಕಂಪ್ಯೂಟರಿನಲ್ಲಿ ನಡೆಸುವ ತಂತ್ರಾಂಶ) ಹೇಳಲು ರೀಡರ್ ಸೇರಿಸಿದ್ದು. ಅದನ್ನು ಬಿಟ್ಟು ಹ್ಯಾಶ್ ತೆಗೆದರೆ ಹೊಂದುತ್ತದೆ. ಸೂಪರ್ ನಿಂಟೆಂಡೊ ಫೈಲ್‌ಗಳಲ್ಲಿ ಹಳೆಯ ನಕಲು ಯಂತ್ರಗಳು ಸೇರಿಸಿದ 512 ಬೈಟ್ ಹೀಗೆಯೇ ಕಾಟ ಕೊಡುತ್ತದೆ. ನಿಂಟೆಂಡೊ 64ರಲ್ಲಿ ಬೈಟ್‌ಗಳ ಕ್ರಮವೇ ಬದಲಾಗಿರಬಹುದು: ಬೈಟ್‌ಗಳನ್ನು ನೇರವಾಗಿ ತೋರಿಸುವ ಹೆಕ್ಸ್ ಎಡಿಟರ್ ತಂತ್ರಾಂಶದಲ್ಲಿ ತೆರೆದಾಗ ಮೊದಲ ನಾಲ್ಕು ಬೈಟ್ 80 37 12 40 ಇದ್ದರೆ ಸರಿಯಾದ ಕ್ರಮ, 37 80 40 12 ಇದ್ದರೆ ಜೋಡಿಜೋಡಿಯಾಗಿ ಅದಲುಬದಲಾಗಿದೆ.

ಎರಡನೆಯದು ಅಳತೆ. ಫೈಲನ್ನು ಸರಿಯಾಗಿ ಅರ್ಧಕ್ಕೆ ಸೀಳಿ ಎರಡೂ ಅರ್ಧದ ಹ್ಯಾಶ್ ತೆಗೆಯಿರಿ. ಎರಡೂ ಒಂದೇ ಬಂದರೆ ರೀಡರ್ ಅತಿಯಾಗಿ ಓದಿದೆ ಎಂದು ಬಹುಮಟ್ಟಿಗೆ ಹೇಳಬಹುದು, ಅರ್ಧ ಸಾಕು. ಗೇಮ್ ಬಾಯ್ ಕ್ಯಾಸೆಟ್ಟಿನಲ್ಲಿ ಇನ್ನೊಂದು ಅನುಕೂಲವಿದೆ: ಇಡೀ ಆಟದ ಮೊತ್ತವನ್ನು ತಯಾರಕರೇ ಅದರೊಳಗೆ ಬರೆದಿಟ್ಟಿರುತ್ತಾರೆ. ಗೇಮ್ ಬಾಯ್ ಅದನ್ನು ಪರೀಕ್ಷಿಸುವ ಗೋಜಿಗೆ ಹೋಗುವುದಿಲ್ಲ, ಫ್ಲ್ಯಾಶ್‌ಜಿಬಿಎಕ್ಸ್ ಪರೀಕ್ಷಿಸಿ ತೋರಿಸುತ್ತದೆ.

ಮೂರನೆಯದು ಪಾಠಾಂತರ. ಜಪಾನ್, ಅಮೆರಿಕ, ಯುರೋಪಿನ ಪ್ರತಿಗಳು ಬೇರೆಬೇರೆ. ಒಂದೇ ದೇಶದಲ್ಲೂ ತಪ್ಪು ತಿದ್ದಿದ ಎರಡನೆಯ ಮುದ್ರಣ ಬಂದಿರುತ್ತದೆ. ಹೆಸರು ನೋಡಿ ಹುಡುಕಬೇಡಿ, ಗುರುತು ನೋಡಿ ಹುಡುಕಿ. ನನ್ನ ಒಂದು ಗೇಮ್ ಬಾಯ್ ಆಟ “ಹೊಂದುತ್ತಿಲ್ಲ” ಎಂದು ವಾರವಿಡೀ ತಾಮ್ರದ ಪಟ್ಟಿ ಒರೆಸಿ, ಮತ್ತೆ ಓದಿಸಿ, ಕೊನೆಗೆ ನೋಡಿದರೆ ಅದು ಬೇರೆ ಪ್ರದೇಶದ ಪ್ರತಿಯಾಗಿ ಪಟ್ಟಿಯಲ್ಲಿ ಎರಡು ಸಾಲು ಕೆಳಗೇ ಇತ್ತು.

ಎರಡು ಓದುಗಳೇ ಒಂದಕ್ಕೊಂದು ಹೊಂದುತ್ತಿಲ್ಲವೆಂದರೆ ಮಾತ್ರ ಅದು ಲಿಪಿಕಾರನ ತಪ್ಪು. ಮತ್ತೆ ಹತ್ತಿಕಡ್ಡಿ ಹಿಡಿಯಿರಿ. ರೀಡರನ್ನು ಯುಎಸ್‌ಬಿ ಹಬ್‌ಗೆ ಹಾಕಿದ್ದರೆ ತೆಗೆದು ನೇರವಾಗಿ ಲ್ಯಾಪ್‌ಟಾಪಿಗೆ ಹಾಕಿ.

ಸಿಡಿಗಳು

ಬೂಷ್ಟು ಹಿಡಿದ ಸಿಡಿಯನ್ನು ನೀರಿಗೆ ಒಂದು ತೊಟ್ಟು ಪಾತ್ರೆ ತೊಳೆಯುವ ದ್ರವ ಹಾಕಿ ಬೆರಳಿನಿಂದ ತೊಳೆದು, ಮೆತ್ತಗಿನ ಹಳೆಯ ಪಂಚೆಯಿಂದ ನಡುವಿನಿಂದ ಅಂಚಿನ ಕಡೆಗೆ ಒರೆಸಿ. ಸುತ್ತ ತಿರುಗಿಸಿ ಒರೆಸಿದರೆ ಬೀಳುವ ಗೀರು ದತ್ತಾಂಶದ ಹಾದಿಯುದ್ದಕ್ಕೂ ಓಡುತ್ತದೆ. ಕೆಳಮುಖದ ಗೀರಿಗಿಂತ ಚಿತ್ರವಿರುವ ಮೇಲ್ಮುಖದ ಗೀರು ಅಪಾಯ, ಯಾಕೆಂದರೆ ಸಿಡಿಯಲ್ಲಿ ದತ್ತಾಂಶದ ಪದರ ಇರುವುದು ಚಿತ್ರದ ತಳದಲ್ಲೇ. ಡಿವಿಡಿಯಲ್ಲಿ ಅದು ಎರಡು ಪ್ಲಾಸ್ಟಿಕ್ ಪದರಗಳ ನಡುವೆ ಇರುತ್ತದೆ.

ಮೊದಲ ಪ್ಲೇಸ್ಟೇಷನ್‌ನ ಅಸಲಿ ಸಿಡಿಯ ತಳ ಕಪ್ಪು. ಪ್ಲೇಸ್ಟೇಷನ್ 2ರಲ್ಲಿ ಸಿಡಿ ನೀಲಿ, ಡಿವಿಡಿ ಬೆಳ್ಳಿ. ಬೆಳ್ಳಿಯದು ಸುಲಭ: ಸಾಮಾನ್ಯ ಡಿವಿಡಿ ಡ್ರೈವ್, ಇಮ್ಗ್‌ಬರ್ನ್ ತಂತ್ರಾಂಶ, ಇಡೀ ಡಿಸ್ಕಿನ ಪ್ರತಿಯಾಗಿ ಒಂದು ಐಎಸ್‌ಒ ಫೈಲ್, ಮುಗಿಯಿತು.

ಸಿಡಿಗೆ ಐಎಸ್‌ಒ ಸಾಲದು. ಸಿಡಿಯ ಒಂದೊಂದು ಸೆಕ್ಟರಿನಲ್ಲಿ, ಅಂದರೆ ದತ್ತಾಂಶದ ಒಂದೊಂದು ತುಣುಕಿನಲ್ಲಿ, ಕಚ್ಚಾ ಲೆಕ್ಕದಲ್ಲಿ 2,352 ಬೈಟ್ ಇರುತ್ತವೆ. ಐಎಸ್‌ಒ ಅದರಲ್ಲಿ 2,048 ಬೈಟ್ ಮಾತ್ರ ಇಟ್ಟುಕೊಂಡು ಉಳಿದದ್ದನ್ನು ಬಿಸಾಡುತ್ತದೆ. ಪ್ಲೇಸ್ಟೇಷನ್ ಆಟಗಳ ವಿಡಿಯೋ ಮತ್ತು ಧ್ವನಿ ಎಷ್ಟೋ ಕಡೆ 2,324 ಬೈಟಿನ ಬೇರೆ ಬಗೆಯ ಸೆಕ್ಟರಿನಲ್ಲಿ ಕೂತಿರುವುದರಿಂದ ಬಿಸಾಡಿದ್ದರಲ್ಲಿ ಆಟದ ಭಾಗವೂ ಹೋಗುತ್ತದೆ. ಸಂಗೀತ ಪ್ರತ್ಯೇಕ ಆಡಿಯೊ ಟ್ರ್ಯಾಕಾಗಿದ್ದರೆ ಐಎಸ್‌ಒದಲ್ಲಿ ಅದು ಬರುವುದೇ ಇಲ್ಲ. ಹಾಗಾಗಿ ಬಿನ್ ಮತ್ತು ಕ್ಯೂ ಫೈಲ್‌ಗಳ ಜೋಡಿಯಾಗಿಯೇ ಇಳಿಸಿ. ಬಿನ್ ಎಂದರೆ ಕಚ್ಚಾ ದತ್ತಾಂಶ, ಕ್ಯೂ ಎಂದರೆ ಯಾವ ಟ್ರ್ಯಾಕ್ ಎಲ್ಲಿ ಶುರು ಎಂಬ ಚೀಟಿ.

ಒಂದೇ ಟ್ರ್ಯಾಕಿನ ಸಿಡಿಗೆ ಇಮ್ಗ್‌ಬರ್ನ್ ಸಾಕಾಗುತ್ತದೆ. ಆಡಿಯೊ ಟ್ರ್ಯಾಕ್ ಇದ್ದರೆ ರೀಡಂಪರ್ ಅಥವಾ ಡಿಸ್ಕ್‌ಇಮೇಜ್‌ಕ್ರಿಯೇಟರ್ ಬಳಸಿ. ಪ್ರತಿಯೊಂದು ಡ್ರೈವ್ ಆಡಿಯೊವನ್ನು ಸ್ವಲ್ಪ ಹಿಂದೆ ಅಥವಾ ಮುಂದೆ ಸರಿದ ಜಾಗದಿಂದ ಓದುತ್ತದೆ. ಈ ತಂತ್ರಾಂಶಗಳು ಆ ಸರಿತವನ್ನು ಲೆಕ್ಕ ಹಾಕಿ ತಿದ್ದುತ್ತವೆ. ತಿದ್ದದಿದ್ದರೆ ಕಿವಿಗೆ ವ್ಯತ್ಯಾಸ ತಿಳಿಯದು, ಹ್ಯಾಶ್ ಮಾತ್ರ ಎಂದೂ ಹೊಂದದು. ರೀಡಂಪ್ ಪಟ್ಟಿಯಲ್ಲಿ ಟ್ರ್ಯಾಕಿಗೊಂದು ಫೈಲ್ ಲೆಕ್ಕವಿರುವುದನ್ನೂ ಮರೆಯಬೇಡಿ. ಎಲ್ಲ ಟ್ರ್ಯಾಕ್ ಸೇರಿದ ಒಂದೇ ಬಿನ್ ಅಲ್ಲಿ ಸಿಗುವುದಿಲ್ಲ.

ನನ್ನ ಮೂವತ್ತು ಚಿಲ್ಲರೆ ಸಿಡಿಗಳಲ್ಲಿ ಕಪ್ಪು ತಳದವು ನಾಲ್ಕೇ. ಉಳಿದವು ಮಾರ್ಕರ್ ಪೆನ್ನಿನಿಂದ ಹೆಸರು ಬರೆದ ನಕಲು. ಅವು ಮೇಲೆ ಹೇಳಿದ ಬ್ಯಾಕಪ್ ಕಲಮಿನೊಳಗೆ ಬರುವುದಿಲ್ಲ; ಓದಿಸುವ ಕಷ್ಟಕ್ಕೂ ಹೋಗಲಿಲ್ಲ. ಬಣ್ಣದ ಪದರ ಮಾಸಿ ಅರ್ಧಕ್ಕರ್ಧ ಡ್ರೈವಿಗೇ ಕಾಣಿಸುತ್ತಿಲ್ಲ.

ಇಡುವುದು

ಆಟಕ್ಕೊಂದು ಫೋಲ್ಡರ್. ಅದರಲ್ಲಿ ಫೈಲ್, ಫೋಟೊ, ಸೇವ್ ಇದ್ದರೆ ಸೇವ್, ಜೊತೆಗೆ ಒಂದು ಸಾದಾ ಪಠ್ಯದ ಚೀಟಿ: ಯಾವ ಸಾಧನದಿಂದ ಓದಿಸಿದ್ದು, ತಾರೀಕು, ಎಷ್ಟು ಸಲ, ಅಳತೆ, ಎಸ್‌ಎಚ್‌ಎ-1, ಯಾವ ಪಟ್ಟಿಯೊಂದಿಗೆ ಹೊಂದಿತು. ಸಿಡಿಗಳನ್ನು ಸಿಎಚ್‌ಡಿ ರೂಪಕ್ಕೆ ಕುಗ್ಗಿಸಿದರೆ ಜಾಗ ಉಳಿಯುತ್ತದೆ, ಏನೂ ಕಳೆಯುವುದಿಲ್ಲ. ಆದರೆ ತಾಳೆ ಮುಗಿಯುವ ಮೊದಲು ಕುಗ್ಗಿಸಬೇಡಿ. ಸಿಎಚ್‌ಡಿ ಫೈಲಿನ ಹ್ಯಾಶ್ ಪಟ್ಟಿಯ ಬಿನ್ ಹ್ಯಾಶಿಗೆ ಹೊಂದುವುದಿಲ್ಲ.

ಮೂರು ಕಡೆ ಇಡಿ. ಲ್ಯಾಪ್‌ಟಾಪಿನಲ್ಲಿ ಒಂದು, ಹೊರಗಿನ ಹಾರ್ಡ್ ಡಿಸ್ಕಿನಲ್ಲಿ ಒಂದು, ಬೇರೆ ಮನೆಯಲ್ಲಿ ಒಂದು. ನನ್ನ ಮೂರನೆಯದು ಚಿಕ್ಕಮಗಳೂರಿನಲ್ಲಿರುವ ತಂಗಿಯ ಬೀರುವಿನಲ್ಲಿದೆ, ಅವಳ ಸೇವ್ ಕಳೆದ ತಪ್ಪಿಗೆ ಕಾಣಿಕೆಯಂತೆ. ಪೆನ್ ಡ್ರೈವ್ ವರ್ಷಗಟ್ಟಲೆ ಇಡುವ ಪೆಟ್ಟಿಗೆಯಲ್ಲ.

ಮೂಲ ಕ್ಯಾಸೆಟ್, ಸಿಡಿಗಳನ್ನೂ ಎಸೆಯಬೇಡಿ. ಡಿಸ್ಕ್‌ಗಳಿಗೆ ತೇವಾಂಶ 50 ಶೇಕಡಾಕ್ಕಿಂತ ಕೆಳಗಿರಬೇಕು ಎನ್ನುತ್ತಾರೆ. ಮಲೆನಾಡಿನ ಮಳೆಗಾಲದಲ್ಲಿ ಅದು ನಗೆಯ ಮಾತು. ಬಿಗಿ ಮುಚ್ಚಳದ ಪ್ಲಾಸ್ಟಿಕ್ ಡಬ್ಬ, ಒಳಗೆ ಸಿಲಿಕಾ ಜೆಲ್ ಪೊಟ್ಟಣ, ಒಂದು ಅಗ್ಗದ ತೇವಾಂಶ ಮಾಪಕ ಇಡಿ. ಜೆಲ್ ಬಣ್ಣ ಬದಲಿಸಿದರೆ ಪೊಟ್ಟಣ ಬದಲಿಸಿ. ಅಟ್ಟ ಬೇಡ.

ಹಾಸನಾಂಬೆಯ ಗುಡಿಯ ಬಾಗಿಲು ವರ್ಷಕ್ಕೊಮ್ಮೆ ದೀಪಾವಳಿಯ ಆಸುಪಾಸಿನಲ್ಲಿ ತೆರೆದಾಗ ಹಿಂದಿನ ವರ್ಷ ಹಚ್ಚಿದ ದೀಪ ಉರಿಯುತ್ತಿರುತ್ತದೆ, ಹೂವು ಬಾಡಿರುವುದಿಲ್ಲ ಎಂಬುದು ನಮ್ಮೂರಿನ ನಂಬಿಕೆ. ಹಾರ್ಡ್ ಡಿಸ್ಕಿನ ಬಗ್ಗೆ ನನಗೆ ಅಷ್ಟು ನಂಬಿಕೆ ಇಲ್ಲ. ಆ ದಿನಗಳಲ್ಲೇ ನಾನೂ ಡಬ್ಬ ತೆರೆದು, ಮೂರೂ ಪ್ರತಿಗಳ ಹ್ಯಾಶ್ ಮತ್ತೆ ತೆಗೆದು, ಚೀಟಿಯಲ್ಲಿರುವ ಅಕ್ಷರಗಳೊಂದಿಗೆ ಹೋಲಿಸುತ್ತೇನೆ. ಹೊಂದದ ಫೈಲ್ ಇದ್ದರೆ ಉಳಿದೆರಡು ಪ್ರತಿಗಳಿಂದ ಬದಲಿಸುತ್ತೇನೆ. ದೀಪಾವಳಿ ನೆನಪಿರುವವರೆಗೂ ಈ ಕೆಲಸ ತಪ್ಪುವುದಿಲ್ಲ.

ಪಟ್ಟಿಯಲ್ಲಿಲ್ಲದ ಹಳದಿ ಕ್ಯಾಸೆಟ್

ಅಮೆರಿಕದಲ್ಲಿ 2010ಕ್ಕಿಂತ ಮೊದಲು ಬಂದ ಆಟಗಳಲ್ಲಿ 87 ಶೇಕಡಾ ಇಂದು ಮಾರುಕಟ್ಟೆಯಲ್ಲಿ ಸಿಗುವುದಿಲ್ಲ ಎಂದು ವಿಡಿಯೋ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಪ್ರಕಟಿಸಿದ ಅಧ್ಯಯನ ಹೇಳಿತು. ಆ ಲೆಕ್ಕದಲ್ಲಿ ನಮ್ಮ ಹಳದಿ ಕ್ಯಾಸೆಟ್ ಇಲ್ಲ. ಅದು ಕಳ್ಳ ಮಾಲು, ಅನುಮಾನವೇ ಬೇಡ. ಮುಖದ ಮೇಲೆ “9999 ಆಟಗಳು” ಎಂದು ಬರೆದು, ಒಳಗೆ ಹತ್ತಿಪ್ಪತ್ತು ಆಟಗಳನ್ನೇ ಬೇರೆಬೇರೆ ಹಂತದಿಂದ ಶುರುಮಾಡಿ ಸಂಖ್ಯೆ ತುಂಬಿಸಿದ್ದು. ಆದರೂ ನಮ್ಮ ಕಡೆಯ ಮಕ್ಕಳು ಟಿವಿಯ ಮುಂದೆ ಕೂತು ಕಂಡದ್ದು ಆ ಮೆನುವನ್ನು, ಅದರ ಹಿಂದಿನ ಸಂಗೀತವನ್ನು, ತಪ್ಪು ಕಾಗುಣಿತದ ಆ ಹೆಸರುಗಳನ್ನು. ಅಸಲಿ ಕ್ಯಾಸೆಟ್ ನೋಡಿದವರು ನಮ್ಮ ಬೀದಿಯಲ್ಲಿ ಯಾರೂ ಇರಲಿಲ್ಲ.

ಇವುಗಳ ಒಳಗೆ ಚಿಪ್ಪಿನ ಬದಲು ಒಂದು ಕಪ್ಪು ಅಂಟಿನ ಗುಡ್ಡೆ ಇರುತ್ತದೆ. ಮೇಲೆ ಸಂಖ್ಯೆ ಇಲ್ಲ, ಮ್ಯಾಪರ್ ಯಾವುದೆಂದು ಊಹಿಸಬೇಕು. ಒಂದೊಂದೇ ಮ್ಯಾಪರ್ ಪ್ರಯತ್ನಿಸಿ, ಓದಿದ್ದನ್ನು ಎಮ್ಯುಲೇಟರಿನಲ್ಲಿ ನಡೆಸಿ, ಮೆನುವಿನ ಪ್ರತಿಯೊಂದು ಆಟವೂ ತೆರೆಯುತ್ತದೆಯೇ ಎಂದು ನೋಡಿ, ಟಿವಿಯ ಮೇಲೆ ಮೂಲ ಕ್ಯಾಸೆಟ್ ತೋರಿಸುವುದರೊಂದಿಗೆ ಹೋಲಿಸಬೇಕು. ನನ್ನ ಹನ್ನೊಂದರಲ್ಲಿ ಆರು ಮಾತ್ರ ಇಷ್ಟರವರೆಗೆ ಸರಿಯಾಗಿ ಬಂದಿವೆ. ಹೊರಗಿನ ಸಾಕ್ಷಿ ಬೇಕೆಂದರೆ ಫೈಲ್ ಕಳಿಸಬೇಕಿಲ್ಲ, ಕಳಿಸಲೂ ಬಾರದು. ಅದೇ ಕ್ಯಾಸೆಟ್ ಇರುವ ಇನ್ನೊಬ್ಬರು ತಮ್ಮ ಮನೆಯಲ್ಲೇ ಓದಿಸಿ 40 ಅಕ್ಷರ ಹೇಳಿದರೆ ಸಾಕು.

ಮೂಲೆ ಸುಟ್ಟ ಒಂದು “64 ಆಟ”ದ ಕ್ಯಾಸೆಟ್ ಮೂರು ಸಲವೂ ಒಂದೇ ಗುರುತು ಕೊಟ್ಟಿದೆ. ಅದರ ಜೋಡಿ ಬೇಲೂರಿನ ಗೆಳೆಯನ ಮನೆಯಲ್ಲಿ ಇರಬೇಕು. “ದನದ ಕೊಟ್ಟಿಗೆಯ ಮೇಲಿನ ಮಚ್ಚಿನಲ್ಲಿ ಇತ್ತಪ್ಪ, ಮಳೆ ನಿಂತ ಮೇಲೆ ಹತ್ತಿ ನೋಡುತ್ತೇನೆ” ಎಂದು ಅವನ ಅಮ್ಮ ಹೇಳಿದ್ದಾರೆ. ಕ್ಯಾಸೆಟ್ ಸಿಕ್ಕರೆ ಊದಬೇಡಿ ಎಂದು ಕೇಳಿಕೊಂಡಿದ್ದೇನೆ.